ವಾರ್ಡಿನ ಗೆರೆ ಎಳೆಯುವವರು ಯಾರು?

ಸಮಾಜ ವಿಜ್ಞಾನದ ಮೇಷ್ಟ್ರು ರಜೆ ಹಾಕಿದ ದಿನ ಅವರ ಪೀರಿಯಡ್ಡು ಒಮ್ಮೊಮ್ಮೆ ನನ್ನ ಪಾಲಿಗೆ ಬರುತ್ತದೆ. ಹಾಗೆ ಬಂದ ಒಂದು ದಿನ ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ಎದ್ದು ನಿಂತು, "ಸಾರ್, ಮೇಯರ್ ದೊಡ್ಡವರಾ, ಕಮಿಷನರ್ ದೊಡ್ಡವರಾ?" ಎಂದು ಕೇಳಿದಳು. ಬಲ, ರಾಶಿ, ವೇಗೋತ್ಕರ್ಷ ಎಂದು ವರ್ಷವಿಡೀ ಕೊರೆಯುವವನಿಗೆ ಇಂಥ ಪ್ರಶ್ನೆ ಖುಷಿ ಕೊಡುತ್ತದೆ. ಇದೂ ಬಲದ ಪ್ರಶ್ನೆಯೇ ತಾನೆ! ಮೆರವಣಿಗೆಯಲ್ಲಿ ಮೇಯರ್ ದೊಡ್ಡವರು, ಕಡತದಲ್ಲಿ ಕಮಿಷನರ್ ದೊಡ್ಡವರು ಎಂದೆ. ಮಕ್ಕಳು ನಕ್ಕರು. ಆದರೆ ನಮ್ಮ ನಗರಗಳ ಆಡಳಿತದ ಸ್ಥಿತಿ ಹೆಚ್ಚುಕಡಿಮೆ ಇದೇ.

1976ರ ಕರ್ನಾಟಕ ಮುನಿಸಿಪಲ್ ಕಾರ್ಪೊರೇಷನ್ ಕಾಯ್ದೆಯಲ್ಲಿ ಪಾಲಿಕೆಯ ಅಧಿಕಾರವನ್ನು ಮೂರು ಕಡೆ ಹಂಚಲಾಗಿದೆ. ಒಂದು, ಚುನಾಯಿತ ಸದಸ್ಯರ ಸಭೆ. ಎರಡು, ಆ ಸಭೆಯಿಂದಲೇ ಹುಟ್ಟುವ ಸ್ಥಾಯಿ ಸಮಿತಿಗಳು. ತೆರಿಗೆ ಮತ್ತು ಹಣಕಾಸಿಗೆ ಒಂದು, ಆರೋಗ್ಯ-ಶಿಕ್ಷಣಕ್ಕೆ ಒಂದು, ನಗರ ಯೋಜನೆಗೆ ಒಂದು, ಲೆಕ್ಕಪತ್ರಕ್ಕೆ ಒಂದು. ಮೂರನೆಯದು ಕಮಿಷನರ್. ಇವರನ್ನು ಸಭೆ ಆರಿಸುವುದಿಲ್ಲ, ರಾಜ್ಯ ಸರ್ಕಾರ ಕಳುಹಿಸಿಕೊಡುತ್ತದೆ. ಸಭೆ ತೀರ್ಮಾನಿಸಬೇಕು, ಕಮಿಷನರ್ ಜಾರಿಗೆ ತರಬೇಕು ಎಂಬುದು ಕಾಯ್ದೆಯ ಆಶಯ. ಸಭೆಯ ನಿರ್ಣಯ ಸರಿಯಿಲ್ಲ ಎನಿಸಿದರೆ ಅದನ್ನು ರದ್ದು ಮಾಡುವ ಅಧಿಕಾರ ಸರ್ಕಾರಕ್ಕುಂಟು.

ಬೀದಿಯ ಮೂಲೆಯ ಚರಂಡಿಗೆ ಚಪ್ಪಡಿ ಹಾಕಿಸಬೇಕು ಎನ್ನಿ. ಬೆಳಿಗ್ಗೆ ಹಾಲು ತರುವ ನೆಪದಲ್ಲಿ ಕಾರ್ಪೊರೇಟರ್ ಮನೆಯ ಕಡೆ ಹೋಗಿ ವಿಷಯ ಹಾಕುತ್ತೇವೆ. ಅವರು ವಾರ್ಡಿನ ಎಂಜಿನಿಯರಿಗೆ ಫೋನು ಮಾಡುತ್ತಾರೆ. ಎಂಜಿನಿಯರು ಅಂದಾಜುಪಟ್ಟಿ ತಯಾರಿಸಬೇಕು. ಮೊತ್ತ ಸಣ್ಣದಾದರೆ ಅಧಿಕಾರಿಗಳ ಹಂತದಲ್ಲೇ ಮಂಜೂರಾತಿ, ದೊಡ್ಡದಾದರೆ ಸ್ಥಾಯಿ ಸಮಿತಿ, ಇನ್ನೂ ದೊಡ್ಡದಾದರೆ ಪಾಲಿಕೆ ಸಭೆ, ಅದನ್ನೂ ಮೀರಿದರೆ ಸರ್ಕಾರ. ಆಮೇಲೆ ಟೆಂಡರು, ಕಾಮಗಾರಿ, ಬಿಲ್ಲು, ಚೆಕ್ಕು. ಈ ಉದ್ದನೆಯ ಸರಪಳಿಯಲ್ಲಿ ಕಾರ್ಪೊರೇಟರ್ ಒಬ್ಬರೇ ಕೂತು ಹಾಕುವ ಸಹಿ ಯಾವುದೂ ಇಲ್ಲ. ಅವರ ಬಳಿ ಇರುವುದು ಬಾಯಿ, ಮತ್ತು ಸಭೆಯಲ್ಲಿ ಒಂದು ಕುರ್ಚಿ. ಆ ಬಾಯಿಗೆ ಹೆದರಿಯೇ ಚಪ್ಪಡಿ ಬೀಳುತ್ತದೆ. ಸಭೆಯಲ್ಲಿ ಎದ್ದು ನಿಂತು "ನನ್ನ ವಾರ್ಡಿನ ಕಡತ ಮೂರು ತಿಂಗಳಿಂದ ಯಾರ ಮೇಜಿನ ಮೇಲಿದೆ?" ಎಂದು ಕೇಳುವ ಹಕ್ಕು ಸಣ್ಣದೇನಲ್ಲ.

ಪಾಲಿಕೆಯ ಕೈಯಲ್ಲಿ ಏನೇನಿದೆ ಎಂಬುದರಲ್ಲೂ ಜನರಿಗೆ ಗೊಂದಲ. ಕಸ, ರಸ್ತೆ, ಚರಂಡಿ, ಬೀದಿದೀಪ, ಉದ್ಯಾನ, ಮಾರುಕಟ್ಟೆ, ಖಾತೆ, ಕಂದಾಯ, ಜನನ-ಮರಣ ನೋಂದಣಿ ಎಲ್ಲ ಹೌದು. ಆದರೆ ಬೆಂಗಳೂರಿನಲ್ಲಿ ಕುಡಿಯುವ ನೀರು 1964ರಿಂದ ಜಲಮಂಡಳಿಯದು. ಬಡಾವಣೆ ಮಾಡುವುದು 1976ರಲ್ಲಿ ಹುಟ್ಟಿದ ಅಭಿವೃದ್ಧಿ ಪ್ರಾಧಿಕಾರದ ಕೆಲಸ. ಬಸ್ಸು, ಮೆಟ್ರೊ, ವಿದ್ಯುತ್ತು ಒಂದೊಂದಕ್ಕೂ ಬೇರೆ ಬೇರೆ ಸಂಸ್ಥೆ. ಒಬ್ಬರು ಹಾಕಿದ ಡಾಂಬರನ್ನು ಇನ್ನೊಬ್ಬರು ಅಗೆಯುವುದು ಏಕೆಂದು ಕೇಳುವವರಿಗೆ ಇದರಲ್ಲೇ ಉತ್ತರವಿದೆ. 1993ರ ಜೂನ್ 1ರಿಂದ ಜಾರಿಗೆ ಬಂದ ಸಂವಿಧಾನದ 74ನೆಯ ತಿದ್ದುಪಡಿಯು ಹನ್ನೆರಡನೆಯ ಅನುಸೂಚಿಯಲ್ಲಿ 18 ವಿಷಯಗಳನ್ನು ಪಟ್ಟಿ ಮಾಡಿ, ಇವನ್ನು ನಗರಾಡಳಿತಕ್ಕೆ ವಹಿಸಬಹುದು ಎಂದಿತು. ವಹಿಸಲೇಬೇಕು ಎನ್ನಲಿಲ್ಲ. 'ಬಹುದು'ವಿಗೂ 'ಬೇಕು'ವಿಗೂ ಎಷ್ಟು ಅಂತರ ಎಂಬುದು ವ್ಯಾಕರಣದ ಮೇಷ್ಟ್ರಿಗಿಂತ ಚೆನ್ನಾಗಿ ವಿಧಾನಸೌಧಕ್ಕೆ ಗೊತ್ತು.

ಇನ್ನು ಚುನಾವಣೆ. ನಗರವನ್ನು ಜನಸಂಖ್ಯೆ ನೋಡಿ ವಾರ್ಡುಗಳಾಗಿ ಹಂಚುತ್ತಾರೆ. ವಾರ್ಡಿಗೊಬ್ಬರು, ಹೆಚ್ಚು ಮತ ಬಿದ್ದವರು ಗೆದ್ದರು. ಶಾಸಕರಾಗಲು 25 ತುಂಬಿರಬೇಕು, ಕಾರ್ಪೊರೇಟರ್ ಆಗಲು 21 ಸಾಕು. ಗ್ರಾಮ ಪಂಚಾಯಿತಿಯಂತಲ್ಲದೆ ಇಲ್ಲಿ ಪಕ್ಷದ ಚಿಹ್ನೆ ಉಂಟು. ನಡೆಸುವುದು ದೆಹಲಿಯ ಚುನಾವಣಾ ಆಯೋಗವಲ್ಲ, ರಾಜ್ಯ ಚುನಾವಣಾ ಆಯೋಗ. ಪರಿಶಿಷ್ಟ ಜಾತಿ, ಪಂಗಡಗಳಿಗೆ ಜನಸಂಖ್ಯೆಗೆ ತಕ್ಕಂತೆ ಸ್ಥಾನ; ಮಹಿಳೆಯರಿಗೆ ಮೂರನೆಯ ಒಂದು ಭಾಗವಾದರೂ ಇರಬೇಕೆಂದು ಸಂವಿಧಾನ ಹೇಳಿದರೆ, ನಮ್ಮ ರಾಜ್ಯ ಅದನ್ನು ಅರ್ಧಕ್ಕೆ ಏರಿಸಿತು. ಗೆದ್ದ ಹೆಂಡತಿಯ ಪರವಾಗಿ ಗಂಡ ಕಾರ್ಪೊರೇಟರಿಕೆ ಮಾಡುವ ದೃಶ್ಯ ಎಲ್ಲ ಊರಿನಲ್ಲೂ ಉಂಟು, ಒಪ್ಪೋಣ. ಹಾಗೆಯೇ ಗಂಡನನ್ನು ಮನೆಯಲ್ಲೇ ಬಿಟ್ಟು ಬಂದು ಅಧಿಕಾರಿಗಳಿಗೆ ನೀರಿಳಿಸುವ ತಾಯಂದಿರೂ ಉಂಟು.

ನಮ್ಮಂಥ ಮೇಷ್ಟ್ರುಗಳಿಗೆ ಈ ಚುನಾವಣೆಯ ಒಳಮನೆ ಚೆನ್ನಾಗಿ ಗೊತ್ತು. ಮತಪೆಟ್ಟಿಗೆಗೆ ಅರಗು ಹಾಕುವ ಕಾಲದಿಂದ ಮತಯಂತ್ರದ ಗುಂಡಿ ಒತ್ತಿಸುವ ಕಾಲದವರೆಗೆ ಮತಗಟ್ಟೆಯಲ್ಲಿ ಕೂತವರು ನಾವು. ಬೆರಳಿಗೆ ಹಚ್ಚುವ ಶಾಯಿಯ ಬಗ್ಗೆ ಮಕ್ಕಳು ಕೇಳುವುದುಂಟು. 1962ರ ಮಹಾಚುನಾವಣೆಯಿಂದ ಬಳಕೆಗೆ ಬಂದ ಅದು ಮೈಸೂರಿನ ಪೇಂಟ್ಸ್ ಮತ್ತು ವಾರ್ನಿಷ್ ಕಾರ್ಖಾನೆಯ ಉತ್ಪನ್ನ. ಅದರಲ್ಲಿರುವುದು ಸಿಲ್ವರ್ ನೈಟ್ರೇಟ್. ಬೆವರಿನ ಉಪ್ಪಿನೊಡನೆ ಸೇರಿ ಸಿಲ್ವರ್ ಕ್ಲೋರೈಡ್ ಆಗುತ್ತದೆ, ಬೆಳಕಿಗೆ ಕಪ್ಪಾಗುತ್ತದೆ, ನೀರಿನಲ್ಲಿ ಕರಗುವುದಿಲ್ಲ. ಹಳೆಯ ಚರ್ಮ ಉದುರಿ ಹೊಸದು ಬರುವವರೆಗೂ ಗುರುತು ಉಳಿಯುತ್ತದೆ.

ಕಾರ್ಪೊರೇಟರನ್ನು ನಾವು ಆರಿಸುತ್ತೇವೆ, ಮೇಯರನ್ನು ನಾವು ಆರಿಸುವುದಿಲ್ಲ. ಸದಸ್ಯರು ಸಭೆಯಲ್ಲಿ ಕೈ ಎತ್ತಿ ಆರಿಸುತ್ತಾರೆ. ಆ ವರ್ಷ ಮೇಯರ್ ಸ್ಥಾನ ಯಾವ ವರ್ಗಕ್ಕೆ ಮೀಸಲು ಎಂದು ಸರ್ಕಾರ ಮೊದಲೇ ಪ್ರಕಟಿಸಿರುತ್ತದೆ. ಜತೆಗೆ ಆ ಊರಿನ ಶಾಸಕರು, ಸಂಸದರು, ವಿಧಾನ ಪರಿಷತ್ ಸದಸ್ಯರಿಗೂ ಮತವುಂಟು. ಇದರಿಂದ ಲೆಕ್ಕ ಹೇಗೆ ತಿರುಗುತ್ತದೆ ನೋಡಿ. 2015ರ ಆಗಸ್ಟಿನಲ್ಲಿ ಬೆಂಗಳೂರಿನ 198 ವಾರ್ಡುಗಳಿಗೆ ಚುನಾವಣೆ ನಡೆಯಿತು. ಬಿಜೆಪಿಗೆ 100, ಕಾಂಗ್ರೆಸ್ಸಿಗೆ 76, ಜನತಾದಳಕ್ಕೆ 14, ಇತರರಿಗೆ 8. ನೂರೆಂದರೆ ಅರ್ಧಕ್ಕಿಂತ ಒಂದು ಹೆಚ್ಚು. ಆದರೂ ಮೇಯರ್ ಆದವರು ಕಾಂಗ್ರೆಸ್ಸಿನವರು, ಜನತಾದಳದ ಬೆಂಬಲದಿಂದ. ಶಾಸಕ-ಸಂಸದರ ಮತಗಳು ತಕ್ಕಡಿಯ ಮುಳ್ಳನ್ನು ಆ ಕಡೆಗೆ ಎಳೆದವು. ಇದು ಕಾನೂನಿನ ಪ್ರಕಾರ ಸರಿಯೇ. ಆದರೆ ವಾರ್ಡಿನಲ್ಲಿ ಮತ ಹಾಕಿದವನಿಗೆ ಒಂದು ನಿಮಿಷ ತಲೆ ತಿರುಗದೆ ಇರದು. ಆ ಐದು ವರ್ಷಗಳಲ್ಲಿ ಐವರು ಮೇಯರ್ ಆದರು, ಒಬ್ಬೊಬ್ಬರಿಗೆ ಒಂದೊಂದು ವರ್ಷ. ನಮ್ಮ ಶಾಲೆಯ ಕ್ಲಾಸ್ ಲೀಡರಿಗೂ ಒಂದು ವರ್ಷದ ಅವಧಿ ಇರುತ್ತದೆ. ಆದರೆ ಅವನು ನೋಡಿಕೊಳ್ಳಬೇಕಾದವರು ಅರವತ್ತು ಜನ, ಅಷ್ಟೆ.

ಇಷ್ಟಾದರೂ ಸಭೆಯೊಂದು ಇದ್ದರೆ ಇಷ್ಟೆಲ್ಲ ಟೀಕಿಸಬಹುದು. ಸಭೆಯೇ ಇಲ್ಲದಿದ್ದರೆ?

ಸಂವಿಧಾನದ 243-ಯು ವಿಧಿ ಸ್ಪಷ್ಟವಾಗಿದೆ. ನಗರಾಡಳಿತದ ಅವಧಿ ಮೊದಲ ಸಭೆಯ ದಿನದಿಂದ ಐದು ವರ್ಷ, ಅದಕ್ಕಿಂತ ಒಂದು ದಿನವೂ ಹೆಚ್ಚಿಲ್ಲ. ಅದು ಮುಗಿಯುವ ಮುಂಚೆಯೇ ಮುಂದಿನ ಚುನಾವಣೆ ಮುಗಿದಿರಬೇಕು. ಈ ಗಡುವನ್ನು ಪಾಲಿಸಲೇಬೇಕು ಎಂದು ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 2006ರಲ್ಲಿ ಅಹಮದಾಬಾದ್ ಪಾಲಿಕೆಯ ಮೊಕದ್ದಮೆಯಲ್ಲಿ ಹೇಳಿತು. ಅದೇ 2006ರ ನವೆಂಬರಿನಲ್ಲಿ ಬೆಂಗಳೂರು ಪಾಲಿಕೆಯ ಅವಧಿ ಮುಗಿಯಿತು. ಮುಂದಿನ ಮತದಾನ 2010ರ ಮಾರ್ಚಿನಲ್ಲಿ! ನಡುವೆ, 2007ರಲ್ಲಿ, ಸುತ್ತಲಿನ ಏಳು ನಗರಸಭೆ, ಒಂದು ಪುರಸಭೆ, 110 ಹಳ್ಳಿಗಳನ್ನು ಸೇರಿಸಿ 'ಬೃಹತ್' ಪಾಲಿಕೆ ಮಾಡಿದರು. ಗೆರೆ ಹೊಸದಾಗಿ ಎಳೆಯಬೇಕಿತ್ತು ಎಂಬ ಕಾರಣ ಸಿಕ್ಕಿತು.

ಎರಡನೆಯ ಸಲದ ಕಥೆ ಇನ್ನೂ ಉದ್ದ. 2015ರಲ್ಲಿ ಆಯ್ಕೆಯಾದ ಸಭೆ 2020ರ ಸೆಪ್ಟೆಂಬರ್ 10ರಂದು ಮುಗಿಯಿತು. ಆ ವರ್ಷದ ಡಿಸೆಂಬರಿನಲ್ಲಿ, ಇರುವ 198 ವಾರ್ಡುಗಳಿಗೇ ಬೇಗ ಚುನಾವಣೆ ನಡೆಸಿ ಎಂದು ಹೈಕೋರ್ಟು ಆದೇಶಿಸಿತು. ಸರ್ಕಾರ ಸುಪ್ರೀಂ ಕೋರ್ಟಿಗೆ ಹೋಗಿ ತಡೆಯಾಜ್ಞೆ ತಂದಿತು. 2022ರಲ್ಲಿ ವಾರ್ಡುಗಳ ಸಂಖ್ಯೆ 243 ಆಯಿತು. ಸರ್ಕಾರ ಬದಲಾಯಿತು, 2023ರಲ್ಲಿ ಅದು 225 ಆಯಿತು. 2025ರ ಸೆಪ್ಟೆಂಬರಿನಲ್ಲಿ ಬೃಹತ್ ಪಾಲಿಕೆಯೇ ಹೋಗಿ ಐದು ಪಾಲಿಕೆಗಳು ಬಂದವು, ಅವುಗಳ ಮೇಲೆ ಮುಖ್ಯಮಂತ್ರಿಗಳ ಅಧ್ಯಕ್ಷತೆಯ ಪ್ರಾಧಿಕಾರ ಬಂತು. ನವೆಂಬರಿನ ಹೊತ್ತಿಗೆ ಐದೂ ಸೇರಿ 369 ವಾರ್ಡು. 198, 243, 225, 369. ಪ್ರಯೋಗಾಲಯದಲ್ಲಿ ಒಂದೇ ವಸ್ತುವಿನ ತೂಕ ಇಷ್ಟು ಸಲ ಬದಲಾದರೆ ತಕ್ಕಡಿಯನ್ನೇ ಅನುಮಾನಿಸಬೇಕು ಎಂದು ನಾವು ಹೇಳಿಕೊಡುತ್ತೇವೆ. 2021ರಿಂದ 2025ರವರೆಗೆ ಐದು ಕ್ಯಾಲೆಂಡರುಗಳು ಗೋಡೆಯಿಂದ ಇಳಿದವು, ಬೆಂಗಳೂರಿನ ಒಬ್ಬ ಮತದಾರನೂ ಕಾರ್ಪೊರೇಟರಿಗಾಗಿ ಬೆರಳಿಗೆ ಶಾಯಿ ಹಚ್ಚಿಸಿಕೊಳ್ಳಲಿಲ್ಲ.

ಇದು ರಾಜಧಾನಿಯ ಕಾಯಿಲೆ ಮಾತ್ರವೆಂದು ಬೇರೆ ಊರಿನವರು ನೆಮ್ಮದಿಯಿಂದಿರುವ ಹಾಗಿಲ್ಲ. ಮೈಸೂರು ಪಾಲಿಕೆಯ ಸಭೆಯ ಅವಧಿ 2023ರ ನವೆಂಬರಿನಲ್ಲಿ ಮುಗಿದು ಆಡಳಿತಾಧಿಕಾರಿ ಬಂದರು. ಬೆಳಗಾವಿಯದು ಇನ್ನೊಂದು ವಿಚಿತ್ರ. ಅಲ್ಲಿ 58 ವಾರ್ಡುಗಳಿಗೆ 2021ರ ಸೆಪ್ಟೆಂಬರಿನಲ್ಲಿ ಮತದಾನ ನಡೆದು ಫಲಿತಾಂಶವೂ ಬಂತು. ಮೇಯರ್ ಆಯ್ಕೆಯಾದದ್ದು 2023ರ ಫೆಬ್ರುವರಿಯಲ್ಲಿ. ಹದಿನೇಳು ತಿಂಗಳು ಗೆದ್ದವರು ಗೆದ್ದ ಪ್ರಮಾಣಪತ್ರವನ್ನು ಮನೆಯಲ್ಲಿಟ್ಟುಕೊಂಡು ಕಾದರು. ಐದು ವರ್ಷದ ಗಡಿಯಾರ ಓಡಲು ಶುರುವಾಗುವುದು ಮೊದಲ ಸಭೆಯಿಂದ ಎಂದು ಹೇಳಿದೆನಲ್ಲ. ಮೊದಲ ಸಭೆಯನ್ನೇ ಕರೆಯದಿದ್ದರೆ ಗಡಿಯಾರಕ್ಕೆ ಕೀಲಿಯನ್ನೇ ಕೊಟ್ಟಂತಾಗಲಿಲ್ಲ.

ಹಾಗಾದರೆ ತಡೆಯುವವರು ಯಾರು? ರಾಜ್ಯ ಚುನಾವಣಾ ಆಯೋಗವನ್ನು ಬಯ್ಯುವುದು ಸುಲಭ. ಆದರೆ ಆಯೋಗ ಚುನಾವಣೆ ಘೋಷಿಸಬೇಕಾದರೆ ಅದರ ಕೈಗೆ ಎರಡು ಕಾಗದ ಬಂದಿರಬೇಕು: ವಾರ್ಡುಗಳ ಗಡಿಯ ಅಧಿಸೂಚನೆ, ಮತ್ತು ಯಾವ ವಾರ್ಡು ಯಾರಿಗೆ ಮೀಸಲು ಎಂಬ ಪಟ್ಟಿ. ನಮ್ಮ ರಾಜ್ಯದಲ್ಲಿ ಎರಡನ್ನೂ ಹೊರಡಿಸುವುದು ಸರ್ಕಾರ. ಪಟ್ಟಿ ತಡವಾಗಬಹುದು, ಬಂದ ಪಟ್ಟಿಯನ್ನು ಯಾರಾದರೂ ಕೋರ್ಟಿನಲ್ಲಿ ಪ್ರಶ್ನಿಸಬಹುದು, ತಿದ್ದಿದ ಪಟ್ಟಿ ಮತ್ತೆ ತಡವಾಗಬಹುದು. ಹಿಂದುಳಿದ ವರ್ಗಗಳ ಮೀಸಲಾತಿಗೆ ಆಯೋಗ ರಚಿಸಿ ಅಂಕಿಅಂಶ ಸಂಗ್ರಹಿಸಬೇಕೆಂದು ಸುಪ್ರೀಂ ಕೋರ್ಟು ವಿಧಿಸಿದ ಷರತ್ತು ನ್ಯಾಯವಾದದ್ದೇ. ಅದರ ನೆಪದಲ್ಲಿ ಚುನಾವಣೆ ನಿಲ್ಲಿಸಬೇಡಿ ಎಂದು ಅದೇ ಕೋರ್ಟು 2022ರ ಮೇ ತಿಂಗಳಲ್ಲಿ ಮಧ್ಯಪ್ರದೇಶದ ಮೊಕದ್ದಮೆಯಲ್ಲಿ ಹೇಳಿದ್ದನ್ನು ಮಾತ್ರ ಯಾರೂ ಅಷ್ಟಾಗಿ ನೆನೆಯುವುದಿಲ್ಲ. ಯಾವ ಪಕ್ಷ ಅಧಿಕಾರದಲ್ಲಿದ್ದಾಗಲೂ ಇದೇ ನಡೆಯಿತು ಎಂಬುದನ್ನು ಗಮನಿಸಬೇಕು. ಪರೀಕ್ಷೆ ಬರೆಯಬೇಕಾದವನ ಕೈಯಲ್ಲೇ ವೇಳಾಪಟ್ಟಿ ಕೊಟ್ಟರೆ ಯಾವ ಹುಡುಗ ತಾನೇ ಬೇಗ ಪರೀಕ್ಷೆ ಇಟ್ಟುಕೊಳ್ಳುತ್ತಾನೆ?

ಪಕ್ಕದ ಕೇರಳ ನೋಡಿ. 1995, 2000, 2005, 2010, 2015, 2020, 2025. ಮಗ್ಗಿ ಒಪ್ಪಿಸಿದಂತೆ ಐದೈದು ವರ್ಷಕ್ಕೆ ಸ್ಥಳೀಯ ಚುನಾವಣೆ. 2020ರ ಡಿಸೆಂಬರಿನಲ್ಲಿ ಕೊರೊನಾ ಊರೂರು ಅಲೆಯುತ್ತಿದ್ದಾಗಲೂ ಅಲ್ಲಿ ಮತದಾನ ನಡೆಯಿತು. ಕೇರಳದವರೇನೂ ನಮಗಿಂತ ದೊಡ್ಡ ಸಜ್ಜನರಲ್ಲ, ಅಲ್ಲಿಯೂ ಜಗಳ ಬೇಕಾದಷ್ಟಿದೆ. ಆದರೆ ಅಲ್ಲಿ ವಾರ್ಡು ವಿಂಗಡಿಸುವ ಆಯೋಗದ ಅಧ್ಯಕ್ಷರು ರಾಜ್ಯ ಚುನಾವಣಾ ಆಯುಕ್ತರೇ. ಗೆರೆ ಎಳೆಯುವ ಕೈಯೂ ದಿನಾಂಕ ಗೊತ್ತುಮಾಡುವ ಕೈಯೂ ಒಂದೇ ಆದ್ದರಿಂದ ಒಂದು ಇನ್ನೊಂದಕ್ಕೆ ಕಾಯುವ ಪ್ರಶ್ನೆ ಬರುವುದಿಲ್ಲ.

ಸಭೆ ಇಲ್ಲದಿದ್ದರೆ ನಷ್ಟವೇನು, ಅಧಿಕಾರಿಗಳು ನಡೆಸಿಕೊಂಡು ಹೋಗುವುದಿಲ್ಲವೇ, ಕಚ್ಚಾಟವಾದರೂ ತಪ್ಪಿತು ಎನ್ನುವ ವಿದ್ಯಾವಂತರು ಬಹಳ. ನನ್ನ ಸಹೋದ್ಯೋಗಿಗಳಲ್ಲೂ ಇದ್ದಾರೆ. ಕಸದ ಗಾಡಿ ಬರುತ್ತದೆ, ದೀಪ ಉರಿಯುತ್ತದೆ, ನಿಜ. ಆದರೆ ಬೆಂಗಳೂರಿನ 2022-23ರ ಬಜೆಟ್ಟನ್ನು ನೆನೆಯಿರಿ. ಹತ್ತು ಸಾವಿರ ಕೋಟಿ ರೂಪಾಯಿ ಮೀರಿದ ಆ ಬಜೆಟ್ಟು ಪ್ರಕಟವಾದದ್ದು 2022ರ ಮಾರ್ಚ್ 31ರಂದು, ನಡುರಾತ್ರಿಗೆ ಹತ್ತಿರ ಹತ್ತಿರ, ಊರು ಮಲಗಿದ ಮೇಲೆ. ಮಂಡಿಸಲು ಹಣಕಾಸು ಸಮಿತಿಯ ಅಧ್ಯಕ್ಷರಿರಲಿಲ್ಲ, ಚರ್ಚಿಸಲು ಸದಸ್ಯರಿರಲಿಲ್ಲ, "ನನ್ನ ವಾರ್ಡಿಗೇಕೆ ಇಷ್ಟೇ?" ಎಂದು ಮೇಜು ಕುಟ್ಟುವವರೂ ಇರಲಿಲ್ಲ.

ಚರಂಡಿಯ ಚಪ್ಪಡಿಗೆ ಆಗ ಎಲ್ಲಿಗೆ ಹೋಗಬೇಕು? ಮೊಬೈಲಿನಲ್ಲಿ ದೂರು ದಾಖಲಿಸಿದರೆ ಒಂದು ಸಂಖ್ಯೆ ಬರುತ್ತದೆ. ಸಂಖ್ಯೆಯ ಜತೆ ಜಗಳವಾಡಲಾಗದು. ಉಳಿದದ್ದು ಶಾಸಕರ ಮನೆ. ಬೆಂಗಳೂರು ನಗರದಲ್ಲಿ ವಿಧಾನಸಭಾ ಕ್ಷೇತ್ರಗಳು 28, ಹಳೆಯ ವಾರ್ಡುಗಳು 198. ಭಾಗಿಸಿ ನೋಡಿದರೆ ಏಳಕ್ಕೆ ಸ್ವಲ್ಪ ಮೇಲೆ. ಏಳು ಕಾರ್ಪೊರೇಟರುಗಳ ಬಾಗಿಲಿನಲ್ಲಿ ನಿಲ್ಲುತ್ತಿದ್ದ ಜನ ಆ ವರ್ಷಗಳಲ್ಲಿ ಒಬ್ಬ ಶಾಸಕರ ಬಾಗಿಲಿನಲ್ಲಿ ನಿಂತರು. ಶಾಸಕರಿಗೆ ಅದು ತೊಂದರೆಯಾಯಿತೋ ಅನುಕೂಲವಾಯಿತೋ, ಅಷ್ಟು ಕಾಲ ಯಾವ ಪಕ್ಷದ ಶಾಸಕರೂ ಪಾಲಿಕೆ ಚುನಾವಣೆಗಾಗಿ ಸದನದ ಬಾವಿಗಿಳಿದು ಕೂತದ್ದು ನನ್ನ ಕಣ್ಣಿಗಂತೂ ಬೀಳಲಿಲ್ಲ.