ಕಳಸದ ತೋಟದಲ್ಲಿ ಒಂದು ಹಗಲು

ನಮ್ಮ ವಾಚಕ ಸೋದರಿಯರೊಬ್ಬರು ಬರೆದ ಕಾಗದವೊಂದು ಬಹು ದಿವಸಗಳಿಂದ ನಮ್ಮ ಮೇಜಿನ ಮೇಲೆ ಉತ್ತರವನ್ನು ಕಾದುಕೊಂಡಿದ್ದಿತು. ಮಗನ ಸಂಸಾರವನ್ನು ನೋಡಿಬರಲು ಅವರು ಫ್ರಾನ್ಸಿಗೆ ಹೋಗಿದ್ದರಂತೆ. ಮಗನು ತಾಯಿಯನ್ನು ಬೋರ್ಡೋ ನಗರಕ್ಕೆ ಕರೆದೊಯ್ದು, ತಮ್ಮ ಮನೆಯವರಿಗಾಗಿಯೇ ಮಾರ್ಗದರ್ಶಿಯೊಬ್ಬನನ್ನು ಗೊತ್ತುಮಾಡಿ, ಅಲ್ಲಿಗೆ ಸುಮಾರು 40 ಕಿಲೋಮೀಟರು ದೂರದ ಸೇಂಟ್ ಎಮಿಲಿಯನ್ ಎಂಬ ದ್ರಾಕ್ಷಿಯ ಸೀಮೆಯನ್ನು ಒಂದು ಹಗಲೆಲ್ಲ ತೋರಿಸಿದನಂತೆ. "ಅವರ ಪಾನೀಯವನ್ನು ನಾನು ಮುಟ್ಟಲಿಲ್ಲ. ಆದರೆ ಬಳ್ಳಿಯಿಂದ ಹಿಡಿದು ಪೀಪಾಯಿಯ ವರೆಗೆ ಅವರು ಹೇಳಿದುದನ್ನು ಕೇಳಿ, ಒಂದು ಬೆಳೆಯ ಹಿಂದೆ ಇಷ್ಟು ಬಾಳು ಇರುವುದೇ ಎಂದು ಬೆರಗಾದೆನು. ನಮ್ಮ ಮನೆಯಲ್ಲಿ ದಿನಕ್ಕೆ ಎರಡು ಹೊತ್ತು ಕಾಫಿ. ಆ ಗಿಡವನ್ನು ಹೀಗೆ ನೋಡುವ ಅನುಕೂಲ ನಮ್ಮಲ್ಲಿ ಉಂಟೇ?" ಎಂದು ಕೇಳಿರುವರು.

ಈ ಪ್ರಶ್ನೆಯನ್ನೋದಿ ನಮಗೆ ನಾಚಿಕೆಯಾದುದನ್ನು ಮುಚ್ಚಿಡತಕ್ಕುದಿಲ್ಲ. ಬೆಳಗಿನ ಕಾಫಿ ಒಂದು ಗಳಿಗೆ ತಡವಾದರೆ ತಲೆನೋವೆಂದು ಹಾಸಿಗೆ ಹಿಡಿಯುವ ನಾವು, ಆ ಗಿಡದ ಹೂವನ್ನಾಗಲಿ ಹಣ್ಣನ್ನಾಗಲಿ ಕಣ್ಣಾರೆ ಕಂಡವರಲ್ಲ. ಅದುಕಾರಣ ಡಿಸೆಂಬರ್ ಮೊದಲ ವಾರದಲ್ಲಿ, ವೃದ್ಧರಾದ ಮಾತೃಶ್ರೀಯವರನ್ನೂ ಒಂಬತ್ತು ವರ್ಷದ ಹುಡುಗಿಯನ್ನೂ ಕರೆದುಕೊಂಡು ಕಳಸಕ್ಕೆ ಹೊರಟೆವು.

ಚಿಕ್ಕಮಗಳೂರು ಜಿಲ್ಲೆಯ ಕಳಸವು ಹಿಂದೆ ಮೂಡಿಗೆರೆಯ ತಾಲೂಕಿಗೆ ಸೇರಿದ್ದು, ಈಗ ತಾನೇ ಒಂದು ತಾಲೂಕಾಗಿದೆ. ಭದ್ರೆಯ ಮಗ್ಗುಲಲ್ಲಿ ಕಳಸೇಶ್ವರನ ಸನ್ನಿಧಿ. ಅಲ್ಲಿಂದ 8 ಕಿಲೋಮೀಟರು ನಡೆದರೆ ಹೊರನಾಡಿನ ಅನ್ನಪೂರ್ಣೇಶ್ವರಿ. ನಮ್ಮ ನಾಡಿನ ಸಂಸಾರಿಗರು ಈ ಎರಡು ದೇವಸ್ಥಾನಗಳಿಗಾಗಿ ತಲೆತಲಾಂತರದಿಂದ ಬರುತ್ತಿರುವರು. ದಾರಿಯುದ್ದಕ್ಕೂ ಇಕ್ಕೆಲದಲ್ಲಿ ನಿಂತಿರುವ ಕಾಫಿಯ ಗಿಡವನ್ನು ಮಾತ್ರ ಬಸ್ಸಿನ ಕಿಟಕಿಯಿಂದ ಹಸಿರು ಗೋಡೆಯೆಂಬಂತೆ ನೋಡಿ ಹಿಂದಿರುಗುವರು. ದೇವರ ದರ್ಶನವನ್ನು ನಾವು ಮೊದಲನೆಯ ದಿನವೇ ಪೂರೈಸಿಕೊಂಡು, ಎರಡನೆಯ ದಿನವನ್ನು ಗಿಡಕ್ಕೆಂದು ಮೀಸಲಿಟ್ಟೆವು.

ಇಳಿದುಕೊಂಡಿದ್ದ ಮನೆಯ ಯಜಮಾನರು ಇಬ್ಬರು ಜೀಪಿನವರನ್ನು ಕರೆಯಿಸಿದರು. ಮೊದಲನೆಯವನು ಜಲಪಾತ, ಗುಡ್ಡ, ಚಹದ ತೋಟ ಎಂದು ಏಳು ಸ್ಥಳಗಳ ಪಟ್ಟಿಯನ್ನೇ ಓದಿದನು. ಎರಡನೆಯವನು ಇಪ್ಪತ್ತೈದರ ಆಜುಬಾಜಿನ ತರುಣ. ತನ್ನದೇ ಮೂರು ಎಕರೆ ಕಾಫಿಯುಳ್ಳವನು. "ಒಂದು ತೋಟ, ಒಂದು ಕಣ, ಮಧ್ಯಾಹ್ನಕ್ಕೆ ಊಟ, ಸಂಜೆ ಕ್ಯಾತನಮಕ್ಕಿ ಗುಡ್ಡದಲ್ಲಿ ಸೂರ್ಯಾಸ್ತ. ಇಷ್ಟೇ ಮಾರಾಯ್ರೆ. ಏಳು ಕಡೆ ಹೋದರೆ ನೀವು ನೋಡುವುದು ನನ್ನ ಜೀಪಿನ ಒಳಗನ್ನು ಮಾತ್ರ" ಎಂದನು. ಮಾತು ಹಿಡಿಸಿತು. ಆದರೂ ಪೇಟೆಯ ಅಭ್ಯಾಸ ಬಿಡದೆ, ಅವನು ಹೇಳಿದ ಬಾಡಿಗೆಯಲ್ಲಿ ಐನೂರು ರೂಪಾಯಿ ಇಳಿಸಿ ಒಪ್ಪಿಸಿದೆವು. ಈ ಐನೂರರ ವಿಚಾರವನ್ನು ವಾಚಕರು ನೆನಪಿನಲ್ಲಿಟ್ಟುಕೊಳ್ಳಬೇಕು.

ಬೆಳಗಿನ ಏಳು ಗಂಟೆಗೆ ಮಂಜಿನೊಳಗೇ ಹೊರಟೆವು. ತೋಟವು ಆ ತರುಣನ ದೊಡ್ಡಪ್ಪನವರದು. ಹೊಕ್ಕೊಡನೆ ನಮಗೆ ತೋಟಕ್ಕಿಂತ ಕಾಡಿಗೆ ಬಂದಂತಾಯಿತು. ಮೇಲೆ ಹಲಸು, ಅತ್ತಿ, ಸಿಲ್ವರ್ ಮರಗಳ ನೆರಳು. ಮರಗಳನ್ನು ತಬ್ಬಿಕೊಂಡು ಏರಿದ ಮೆಣಸಿನ ಬಳ್ಳಿ. ಅವುಗಳ ಕೆಳಗೆ ಎದೆಯೆತ್ತರದ ಕಾಫಿ. ದ್ರಾಕ್ಷಿಯು ಬಟ್ಟಬಯಲಿನ ಬಿಸಿಲನ್ನು ಬೇಡಿದರೆ, ನಮ್ಮ ಮಲೆನಾಡಿನ ಕಾಫಿಯು ನೆರಳಿನಲ್ಲಿ ಬೆಳೆಯುವ ಕೂಸು. ಹದಿನೇಳನೆಯ ಶತಮಾನದಲ್ಲಿ ಬಾಬಾ ಬುಡನರು ಯೆಮೆನ್ ದೇಶದ ಮೋಕಾ ಬಂದರಿನಿಂದ ಏಳು ಬೀಜಗಳನ್ನು ತಂದು, ಇದೇ ಜಿಲ್ಲೆಯ ಚಂದ್ರದ್ರೋಣ ಪರ್ವತದಲ್ಲಿ ನೆಟ್ಟರೆಂಬ ಐತಿಹ್ಯವನ್ನು ನಮ್ಮವರೆಲ್ಲ ಬಲ್ಲರು. ಇಂದು ಭಾರತದ ಕಾಫಿಯಲ್ಲಿ ನೂರಕ್ಕೆ ಸುಮಾರು 70 ಪಾಲು ಕರ್ಣಾಟಕದ್ದು. ಬೆಳೆಗಾರರಲ್ಲಿ ನೂರಕ್ಕೆ 98ಕ್ಕೂ ಹೆಚ್ಚು ಮಂದಿ 10 ಹೆಕ್ಟೇರಿಗೂ ಕಡಮೆ ಭೂಮಿಯ ಸಣ್ಣ ಹಿಡುವಳಿದಾರರು.

ಕಾಗದ ಬರೆದ ಸೋದರಿಯ ಸಂಗತಿಯನ್ನು ತಿಳಿಸಿ, "ಬೋರ್ಡೋ ಎಂಬ ಊರನ್ನು ಕೇಳಿರುವೆಯಾ?" ಎಂದು ತರುಣನನ್ನು ವಿಚಾರಿಸಿದೆವು. ಅವನು ನಕ್ಕು, "ಬೋರ್ಡೋ ಎಂದರೆ ನಮಗೆ ಊರಲ್ಲ, ಔಷಧಿ" ಎಂದನು. ಮೈಲುತುತ್ತವನ್ನೂ ಸುಣ್ಣವನ್ನೂ ನೀರಿನಲ್ಲಿ ಕಲಸಿ, ಮಳೆಗಾಲದಲ್ಲಿ ಅಡಿಕೆಯ ಕೊಳೆರೋಗಕ್ಕೂ, ಮೆಣಸಿಗೂ, ಕಾಫಿಯ ಎಲೆರೋಗಕ್ಕೂ ಮಲೆನಾಡಿನವರು ಹೊಡೆಯುವ ನೀಲಿಯ ದ್ರಾವಣಕ್ಕೆ ಬೋರ್ಡೋ ಎಂದೇ ಹೆಸರು. ಆ ಹೆಸರು ಬಂದುದು ಆ ದ್ರಾಕ್ಷಿಯ ಸೀಮೆಯಿಂದಲೇ. ದಾರಿಹೋಕರು ಹಣ್ಣು ಕದಿಯದಿರಲೆಂದು ಅಲ್ಲಿಯ ರೈತರು ರಸ್ತೆಯಂಚಿನ ಬಳ್ಳಿಗಳಿಗೆ ಈ ಬಣ್ಣವನ್ನು ಬಳಿಯುತ್ತಿದ್ದರು. ಬಳಿದ ಬಳ್ಳಿಗಳಿಗೆ ಬೂಷ್ಟಿನ ರೋಗ ಬಾರದುದನ್ನು ಮಿಲಾರ್ಡೆ ಎಂಬ ಪಂಡಿತರು ಕಂಡು, 1885ರಲ್ಲಿ ಅದನ್ನು ಲೋಕಕ್ಕೆ ತಿಳಿಸಿದರು. ಮೈಸೂರು ಸೀಮೆಯಲ್ಲಿ ಅಡಿಕೆಯ ಕೊಳೆರೋಗಕ್ಕೆ ಇದನ್ನು ಬಳಕೆಗೆ ತಂದವರು ಸರ್ಕಾರದ ಕೃಷಿ ಇಲಾಖೆಯಲ್ಲಿದ್ದ ಕೋಲ್ಮನ್ನರು. ಇಲ್ಲಿಗೆ ಹತ್ತಿರದ ಬಾಳೆಹೊನ್ನೂರಿನಲ್ಲಿ 1925ರಲ್ಲಿ ಕಾಫಿಯ ಸಂಶೋಧನೆಗೆ ಕೇಂದ್ರವು ಹುಟ್ಟುವುದಕ್ಕೂ ಅವರೇ ಮುಖ್ಯ ಕಾರಣರು. ಎಲೆರೋಗವನ್ನು ಸಾಕಷ್ಟು ತಾಳಿಕೊಂಡ ಎಸ್. 795 ಎಂಬ ಅರೇಬಿಕಾ ತಳಿಯು 1940ರ ದಶಕದಲ್ಲಿ ಹೊರಬಂದುದು ಆ ಕೇಂದ್ರದಿಂದಲೇ. ಫ್ರಾನ್ಸಿನ ಕಳ್ಳರ ಭಯವು ಕಳಸದ ಅಡಿಕೆಯನ್ನು ಕಾಯುವುದೆಂದರೆ, ಲೋಕದ ರೈತರೆಲ್ಲರೂ ಒಂದೇ ಮನೆಯವರೆಂದು ತೋರದೆ?

ಇಷ್ಟರಲ್ಲಿ ಹಣ್ಣು ಕೊಯ್ಯುವವರು ಸಾಲಿಗೆ ಬಂದರು. ಊರಿನವರು ಕೆಲವರು, ಅಸ್ಸಾಮಿನಿಂದ ಸುಗ್ಗಿಗೆಂದು ಬಂದವರು ಕೆಲವರು. ನಮ್ಮ ಹುಡುಗಿಯು ಉತ್ಸಾಹದಿಂದ ಕೆಂಪು ಹಣ್ಣಿನ ಕೊಂಬೆಯನ್ನು ಎಳೆಯಲು ಅದು ತುದಿಯಲ್ಲಿ ಪಟ್ಟೆಂದು ಮುರಿಯಿತು. ಹಣ್ಣಿನೊಡನೆ ಹಸಿರು ಕಾಯಿಗಳೂ ಅವಳ ಕೈಗೆ ಬಂದವು. ಹತ್ತಿರವಿದ್ದ ವೃದ್ಧೆಯೊಬ್ಬಳು ಬೈಯಲಿಲ್ಲ. ಮುರಿದ ತುದಿಯನ್ನು ಕೈಗೆತ್ತಿಕೊಂಡು, "ಇದು ಬರುವ ವರ್ಷದ್ದು ಮಗಾ" ಎಂದಳು, ಅಷ್ಟೇ. ಅರೇಬಿಕಾ ಗಿಡವು ಈ ವರ್ಷ ಚಿಗುರಿದ ತುದಿಯಲ್ಲಿ ಮುಂದಿನ ವರ್ಷ ಫಲ ಬಿಡುವುದೆಂದು ತರುಣನು ಬಿಡಿಸಿ ಹೇಳಿದನು. ಮಗುವಿನ ಕಣ್ಣಿನಲ್ಲಿ ನೀರು ತುಂಬಿತು. ವೃದ್ಧೆಯು ಅವಳ ಕೈಹಿಡಿದು, ಹಣ್ಣನ್ನು ಒಂದೊಂದಾಗಿ ತಿರುಚಿ ಬಿಡಿಸುವ ಬಗೆಯನ್ನು ಕಲಿಸಿದಳು. ಒಂದು ಲೋಟ ಕಾಫಿಗೆ ಎಷ್ಟು ಹಣ್ಣು ಬೇಕೆಂದು ಅವಳಿಗೆ ಲೆಕ್ಕ ಹಾಕಿಕೊಟ್ಟೆವು. ಆರು ಕಿಲೋಗ್ರಾಂ ಹಣ್ಣಿನಿಂದ ಹಸನಾದ ಬೀಜ ದೊರೆಯುವುದು ಸುಮಾರು ಒಂದು ಕಿಲೋಗ್ರಾಂ. ಹುರಿದರೆ ಅದರಲ್ಲಿಯೂ ಆರನೆಯ ಒಂದು ಪಾಲಿನಷ್ಟು ತೂಕ ಕಳೆಯುವುದು. ಒಂದು ಲೋಟಕ್ಕೆ ಹತ್ತು ಗ್ರಾಂ ಪುಡಿ ಎಂದರೆ, ಕಡಮೆಯೆಂದರೂ ನಲವತ್ತು ಹಣ್ಣು. ಹುಡುಗಿಯು ನಲವತ್ತನ್ನು ಎಣಿಸಿ ಬಿಡಿಸುವ ಹೊತ್ತಿಗೆ ಬೆವರಿದ್ದಳು. ನಾವು ಅರ್ಧ ಕುಡಿದು ಚೆಲ್ಲುವ ಲೋಟಗಳು ನಮ್ಮ ಮನಸ್ಸಿಗೆ ಬಂದವು.

ಮಧ್ಯಾಹ್ನದ ಊಟಕ್ಕೆ ಕಡುಬು, ಚಟ್ನಿ, ಸಾರು. ಬಳಿಕ ಹಣ್ಣಿನ ಸಿಪ್ಪೆ ಬಿಡಿಸುವ ಯಂತ್ರವನ್ನು ನೋಡಿದೆವು. ಇದನ್ನು ಪಲ್ಪರ್ ಎನ್ನುವರು. ಕೊಯ್ದ ದಿನವೇ ಸಿಪ್ಪೆ ಬಿಡಿಸಿ, ಲೋಳೆಗೂಡಿದ ಬೀಜವನ್ನು ಒಂದು ದಿನಕ್ಕೆ ಮೇಲ್ಪಟ್ಟು ತೊಟ್ಟಿಯಲ್ಲಿ ಹುಳಿಯಲು ಬಿಡುವರು. ದೋಸೆಯ ಹಿಟ್ಟಿನ ಹದವನ್ನು ಬಲ್ಲ ಗೃಹಿಣಿಯರಿಗೆ ಈ ಸೂಕ್ಷ್ಮವನ್ನು ವಿವರಿಸಬೇಕಾಗಿಲ್ಲ. ಹುಳಿ ಮೀರಿದರೆ ಇದಕ್ಕೂ ರುಚಿ ಕೆಡುವುದು. ಆಮೇಲೆ ತೊಳೆದು, ಕಣದಲ್ಲಿ ವಾರಕ್ಕೂ ಮಿಕ್ಕು ಬಿಸಿಲಿಗೆ ಹರಡುವರು. ಸಂಜೆಗೊಮ್ಮೆ ರಾಶಿಮಾಡಿ ಮುಚ್ಚಿ, ಬೆಳಗ್ಗೆ ಮರಳಿ ಹರಡುವರು. ಒಣಗುವ ಬೀಜದ ಮೇಲೆ ಮಳೆ ಬಿದ್ದರೆ ಬೂಷ್ಟು ಹಿಡಿದು, ಬಣ್ಣಗೆಟ್ಟು, ಬೆಲೆ ಇಳಿಯುವುದು. ವರ್ಷದ ದುಡಿಮೆಯು ಅರ್ಧ ಗಂಟೆಯಲ್ಲಿ ಹಾಳಾಗಬಹುದು.

ನಾಲ್ಕು ಗಂಟೆಗೆ ಗುಡ್ಡದ ಕಡೆಗೆ ಹೊರಟೆವು. ದಾರಿಯಲ್ಲಿ ತರುಣನಿಗೆ ದೂರವಾಣಿಯ ಕರೆಯೊಂದು ಬಂದಿತು. ಅವನು ಎರಡು ಮಾತಾಡಿ, ಏನನ್ನೂ ಹೇಳದೆ ಜೀಪನ್ನು ಮುಂದಕ್ಕೇ ನಡೆಸಿದನು. ಆದರೆ ಮುಖ ಕಳೆಗುಂದಿತ್ತು. ಮಾತೃಶ್ರೀಯವರು ಬಿಡದೆ ಕೇಳಲಾಗಿ, ಕುದುರೆಮುಖದ ಕಡೆಯಿಂದ ಮೋಡ ಕವಿದಿದೆಯೆಂದೂ, ಮನೆಯ ಕಣದಲ್ಲಿ ಆರು ದಿನದ ಬೀಜ ಹರಡಿದೆಯೆಂದೂ, ತಂದೆಗೆ ಕಾಲುನೋವು, ತಾಯಿ ಒಬ್ಬಳೇ ಎಂದೂ ಹೇಳಿದನು. "ನೀವು ಹಣ ಕೊಟ್ಟವರು, ಗುಡ್ಡ ತೋರಿಸದೆ ಹೇಗೆ ಅಮ್ಮಾ?" ಎಂದನು.

ನಿಜವನ್ನೇ ಬರೆಯುವೆವು. ಆ ಕ್ಷಣದಲ್ಲಿ ನಮ್ಮ ಮನಸ್ಸು ಹಿಂಜರಿಯಿತು. ಇಷ್ಟು ದೂರ ಬಂದು, ಇಷ್ಟು ವೆಚ್ಚಮಾಡಿ, ಸೂರ್ಯಾಸ್ತವನ್ನು ಕಳೆದುಕೊಳ್ಳುವುದೇ ಎಂದು ಲೆಕ್ಕ ಹಾಕಿತು. ನಾವು ಬಾಯಿ ತೆರೆಯುವುದಕ್ಕೆ ಮೊದಲೇ ಮಾತೃಶ್ರೀಯವರು, "ಗುಡ್ಡ ನಾಳೆಯೂ ಅಲ್ಲಿಯೇ ಇರುತ್ತದಪ್ಪ, ಕಾಫಿ ಇರುವುದಿಲ್ಲ. ಜೀಪನ್ನು ತಿರುಗಿಸು" ಎಂದುಬಿಟ್ಟರು.

ಕಣಕ್ಕೆ ಬಂದಾಗ ತಾಯಿಯು ಹಲಗೆಯಿಂದ ಬೀಜವನ್ನು ಎಳೆಯುತ್ತಿದ್ದಳು. ನಾವೆಲ್ಲರೂ ಪಾದರಕ್ಷೆಗಳನ್ನು ಕಳಚಿ ಇಳಿದೆವು. ಎಳೆದು ರಾಶಿಮಾಡಿ, ಟಾರ್ಪಾಲು ಹೊದಿಸಿ, ಅಂಚಿಗೆ ಕಲ್ಲು ಹೇರಿದೆವು. ಹುಡುಗಿಯು ಬದಿಗೆ ಚೆದರಿದ ಬೀಜಗಳನ್ನು ಬೆಳಗಿನಂತೆಯೇ ಒಂದೊಂದಾಗಿ ಆರಿಸಿದಳು. ಕೊನೆಯ ಕಲ್ಲನ್ನಿಟ್ಟು ಐದು ನಿಮಿಷವಾಗಿರಲಿಲ್ಲ, ಮಳೆ ಸುರಿಯಿತು. ಜಗಲಿಯ ಮೇಲೆ ಹಲಸಿನ ಹಪ್ಪಳವೂ ಬೆಲ್ಲದ ಕಾಫಿಯೂ ಬಂದವು. ಆ ಮೂರು ಎಕರೆಯನ್ನು ಮಾರಿ ಪೇಟೆ ಸೇರೋಣವೆಂದು ಎರಡು ಬಾರಿ ಮನೆಯಲ್ಲಿ ಮಾತಾದುದನ್ನೂ, ಜೀಪಿನ ಗಳಿಕೆಯಿಂದ ತೋಟದ ಆಳಿನ ಕೂಲಿಯನ್ನು ತೀರಿಸಿ ಹಾಗೂ ಹೀಗೂ ಉಳಿಸಿಕೊಂಡುದನ್ನೂ ತಂದೆಯು ಆಗ ಹೇಳಿದರು. ಯಾತ್ರಿಕನು ಕೊಡುವ ಬಾಡಿಗೆಯಲ್ಲಿ ಗಿಡದ ಬದುಕೂ ಇದೆಯೆಂದು ನಮಗೆ ಅರಿವಾದುದು ಅಲ್ಲಿ.

ರಾತ್ರಿ ತರುಣನು ಗುಡ್ಡ ತಪ್ಪಿತೆಂದು ಬಾಡಿಗೆಯಲ್ಲಿ ಒಂದು ಪಾಲನ್ನು ಹಿಂದಕ್ಕೆ ಕೊಡಲು ಬಂದನು. ನಾವು ತೆಗೆದುಕೊಳ್ಳಲಿಲ್ಲ, ಬೆಳಗ್ಗೆ ಚೌಕಾಶಿಮಾಡಿದ್ದ ಐನೂರನ್ನು ಕೂಡಿಸಿಯೇ ಕೊಟ್ಟೆವು. ಇದನ್ನು ಔದಾರ್ಯವೆಂದು ಯಾರೂ ತಿಳಿಯಬಾರದು. ಸಲ್ಲಬೇಕಾದುದು ಸಂದಿತು, ಅಷ್ಟೇ.

ಇನ್ನು ಹೋಗಬಯಸುವ ವಾಚಕರಿಗೆ ಕೆಲವು ಮಾತು. ಅರೇಬಿಕಾ ಕೊಯ್ಲನ್ನು ನೋಡಬೇಕಾದರೆ ನವೆಂಬರಿನಿಂದ ಜನವರಿಯ ವರೆಗೆ, ರೋಬಸ್ಟಾ ಕೊಯ್ಲಿಗಾದರೆ ಅದರ ಮುಂದಿನ ತಿಂಗಳುಗಳಲ್ಲಿ ಹೋಗಬೇಕು. ಮಾರ್ಚ್, ಏಪ್ರಿಲಿನ ಹೂಮಳೆಯಾದ ಸುಮಾರು ಹತ್ತನೆಯ ದಿನ ತೋಟವೆಲ್ಲ ಮಲ್ಲಿಗೆಯಂತೆ ಬೆಳ್ಳಗಾಗಿ ಕಂಪಿಡುವುದು; ಆ ಹೂವು ಕೆಲವೇ ದಿನ ನಿಲ್ಲುವುದು. ಏನೇನು ತೋರಿಸುವರು, ಊಟ ಸೇರಿದೆಯೇ, ತೋಟದವರ ಅನುಮತಿ ಇದೆಯೇ ಎಂಬುದನ್ನು ಮೊದಲೇ ಗೊತ್ತುಮಾಡಿಕೊಳ್ಳಿರಿ. ಒಂದು ದಿನಕ್ಕೆ ಒಂದೇ ತೋಟ ಸಾಕು. ಕೆಲಸದವರ ಚಿತ್ರವನ್ನು ಅವರನ್ನು ಕೇಳಿಯೇ ತೆಗೆಯಿರಿ. ಕಣವನ್ನು ಬರಿಗಾಲಿನಲ್ಲಿ ತುಳಿಯಿರಿ. ಪುಡಿಯನ್ನು ಬೆಳೆಗಾರನ ಮನೆಯಲ್ಲಿಯೇ ಕೊಳ್ಳಿರಿ. 1940ರ ದಶಕದಿಂದ ಬೆಳೆಗಾರರು ತಮ್ಮ ಕಾಫಿಯನ್ನು ಕಾಫಿ ಮಂಡಳಿಗೇ ಒಪ್ಪಿಸಬೇಕಾಗಿತ್ತು. 1996ರ ಹೊತ್ತಿಗೆ ಆ ಕಟ್ಟು ಪೂರ್ಣವಾಗಿ ಕಳಚಿತು. ಆದುದರಿಂದ ದ್ರಾಕ್ಷಿಯ ಸೀಮೆಯವರಂತೆ ಇವರೂ ಈಗ ತಮ್ಮ ಬೆಳೆಯನ್ನು ಬಾಗಿಲಿಗೆ ಬಂದ ಅತಿಥಿಗೆ ನೇರವಾಗಿ ಮಾರಬಲ್ಲರು.

ಸೋದರಿಯ ಪ್ರಶ್ನೆಗೆ ನಮ್ಮ ಉತ್ತರವಿಷ್ಟೆ: ಅನುಕೂಲವು ಉಂಟು, ಹೋಗಿಬನ್ನಿರಿ. ನಾವು ಕ್ಯಾತನಮಕ್ಕಿಯ ಸೂರ್ಯಾಸ್ತವನ್ನು ಇಂದಿಗೂ ನೋಡಿಲ್ಲ. ಆದರೆ ಅಲ್ಲಿಂದ ಬಂದಂದಿನಿಂದ ನಮ್ಮ ಹುಡುಗಿಯು ಯಾರ ಲೋಟದಲ್ಲಿಯಾದರೂ ಕಾಫಿ ಉಳಿದುದನ್ನು ಕಂಡರೆ, "ಇಷ್ಟರಲ್ಲಿ ಹತ್ತು ಹಣ್ಣು ಇದೆ" ಎಂದು ಎಣಿಸಿ ಹೇಳುವಳು. ನಮ್ಮ ಮನೆಯಲ್ಲಿ ಈಗ ಯಾರೂ ಲೋಟದಲ್ಲಿ ಉಳಿಸುವುದಿಲ್ಲ.