ಮೋಡವಿದ್ದರೇನು, ಕ್ಯಾಮೆರಾ ಹೊರಗಿರಲಿ

‘ಮೋಡ ಕವಿದಿದೆ, ಇಂದು ಚಿತ್ರ ಬಾರದು’ ಎಂದು ಕ್ಯಾಮೆರಾವನ್ನು ಚೀಲಕ್ಕೆ ಸೇರಿಸುವ ನಮ್ಮವರನ್ನು ಕಂಡಾಗ ಆಗುಂಬೆ ನೆನಪಾಗುತ್ತದೆ. ಅಲ್ಲಿಯೂ ಸೂರ್ಯ ಮರೆಯಾದೊಡನೆ ಜನ ನಿರಾಶರಾಗಿ ಹಿಂದಿರುಗುತ್ತಾರೆ. ಕಣಿವೆಯಿಂದ ಮಂಜು ಏರುವುದನ್ನು ನೋಡಲು ಉಳಿಯುವವರು ವಿರಳ.

ಕ್ರೋಯ್ಡನ್ನಿನ ಆಡಿಂಗ್ಟನ್ ಹಿಲ್ಸ್ ದಿಬ್ಬದಿಂದ ಉತ್ತರಕ್ಕೆ ಲಂಡನ್ ನಗರ ಕಾಣುತ್ತದೆ. ಬಿಸಿಲಿನ ನಡುಹಗಲಿನಲ್ಲಿ ಅದು ಬರಿಯ ಮಂಕು ಗೆರೆ. ಮಳೆ ನಿಂತು, ಪಶ್ಚಿಮದಲ್ಲಿ ಮೋಡ ಬಿರಿದು, ಕಪ್ಪು ಆಗಸದಡಿ ಗೋಪುರಗಳಷ್ಟೇ ಬೆಳಗಿದಾಗ ಅದೇ ನೋಟ ಚಿತ್ರವಾಗುತ್ತದೆ. ಆ ಬೆಳಕು ಬಹಳ ಹೊತ್ತು ನಿಲ್ಲದು. ಆದುದರಿಂದ ಮಳೆಯಲ್ಲಿಯೇ ಚೌಕಟ್ಟನ್ನು ನಿಶ್ಚಯಿಸಿ, ಟ್ರೈಪಾಡ್ ಊರಿ, ಕೊಡೆ ಹಿಡಿದು ಕಾಯಬೇಕು. ಬೆಳಕು ಬಿದ್ದೊಡನೆ ಬೆಳಗಿದ ಭಾಗಕ್ಕೆ ಎಕ್ಸ್‌ಪೋಷರ್ ಹೊಂದಿಸಬೇಕು. ನೆರಳು ಕಪ್ಪಾದರೆ ಚಿಂತೆಯಿಲ್ಲ. ಡಿಜಿಟಲ್ ಕ್ಯಾಮೆರಾದಲ್ಲಿ ಪೂರ್ತಿ ಬಿಳುಚಿಹೋದ ಮೋಡ ಮರಳಿ ಸಿಗದು. (ಲೆನ್ಸ್ ಒರೆಸಲು ಹಳೆಯ ಪಂಚೆಯ ತುಂಡಿಗಿಂತ ಮೇಲಾದುದನ್ನು ನಾನು ಕಂಡಿಲ್ಲ.)

ಬಂಧುಗಳೇ, ಡಿಸೆಂಬರಿನಲ್ಲಿ 4 ಗಂಟೆಗೆ ಮೊದಲೇ ಸೂರ್ಯ ಮುಳುಗುವ ಈ ನಾಡಿನಲ್ಲಿ, ಬಿಸಿಲಿಗಾಗಿಯೇ ಕಾದ ನಮ್ಮ ಆಲ್ಬಮ್‌ಗಳಲ್ಲಿ ಏನಿದೆ? ಹುಟ್ಟುಹಬ್ಬಗಳು, ಜುಲೈ ತಿಂಗಳ ಹೂದೋಟಗಳು. ನಾನು ವರುಷಗಟ್ಟಲೆ ಕೆಲಸಕ್ಕೆ ನಡೆದ ಬೂದುಬಣ್ಣದ ಬೆಳಗುಗಳ ಒಂದು ಚಿತ್ರವೂ ನನ್ನ ಮಕ್ಕಳಿಗೆ ತೋರಿಸಲು ಇಲ್ಲ. ಈಗ ಮಳೆಯ ಮುನ್ಸೂಚನೆ ಇರುವ ದಿನವೇ ದಿಬ್ಬ ಹತ್ತುತ್ತೇನೆ.