ಅಂಗೀಕೃತ ಬಿಲ್ಲುಗಳ ಬಾಕಿ ಪಾವತಿ ಕೋರಿ ಗುತ್ತಿಗೆದಾರರ ಮನವಿ ಪತ್ರ

ಇವರಿಗೆ: ಮಾನ್ಯ ಮುಖ್ಯ ಕಾರ್ಯದರ್ಶಿಗಳು, ಕರ್ನಾಟಕ ಸರ್ಕಾರ, ವಿಧಾನಸೌಧ, ಬೆಂಗಳೂರು
ಸಲ್ಲಿಸುವವರು: ರಾಜ್ಯದ ಸರ್ಕಾರಿ ಕಾಮಗಾರಿಗಳ ಗುತ್ತಿಗೆದಾರರು

ಕಾಮಗಾರಿ ಮುಗಿದು, ಅಳತೆ ಪುಸ್ತಕದಲ್ಲಿ ಅಳತೆ ದಾಖಲಾಗಿ, ಗುಣಮಟ್ಟದ ವರದಿ ಸೇರಿ, ವಿಭಾಗ ಕಚೇರಿ ಬಿಲ್ಲನ್ನು ಅಂಗೀಕರಿಸಿದ ಮೇಲೆ ಆ ಹಣ ಸರ್ಕಾರ ಒಪ್ಪಿಕೊಂಡ ಸಾಲ. ಆದರೂ ಲೋಕೋಪಯೋಗಿ, ಸಣ್ಣ ನೀರಾವರಿ, ಗ್ರಾಮೀಣಾಭಿವೃದ್ಧಿ ಇಲಾಖೆಗಳಲ್ಲಿ, ನೀರಾವರಿ ನಿಗಮಗಳಲ್ಲಿ, ನಗರ ಸ್ಥಳೀಯ ಸಂಸ್ಥೆಗಳಲ್ಲಿ ಇಂಥ ಬಿಲ್ಲುಗಳು ಎಲ್‌ಒಸಿಗಾಗಿ (ಅಂದರೆ ಹಣ ಬಿಡುಗಡೆಯ ಪತ್ರಕ್ಕಾಗಿ) ಕಾದು ಕೂತಿವೆ. ಬಜೆಟ್ಟಿನ ಅನುದಾನವನ್ನು ಮೀರಿ ಕಾಮಗಾರಿಗಳಿಗೆ ಅನುಮೋದನೆ ಕೊಟ್ಟು ಟೆಂಡರ್ ಕರೆಯುವುದೇ ಇದರ ಮೂಲ.

ಹಣ ಬಾರದಿದ್ದಾಗ ಗುತ್ತಿಗೆದಾರರು ಹೈಕೋರ್ಟಿನ ಬೆಂಗಳೂರು, ಧಾರವಾಡ, ಕಲಬುರಗಿ ಪೀಠಗಳಲ್ಲಿ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ ಸಲ್ಲಿಸುತ್ತಾರೆ. ಸಂಗತಿಗಳ ಬಗ್ಗೆ ವಿವಾದವಿಲ್ಲದ ಕಡೆ ಕರಾರಿನ ಹಣಕ್ಕಾಗಿಯೂ ರಿಟ್ ಅರ್ಜಿ ಹಾಕಬಹುದೆಂದು ಸುಪ್ರೀಂ ಕೋರ್ಟ್ 2003ರಲ್ಲೇ ಎಬಿಎಲ್ ಇಂಟರ್‌ನ್ಯಾಷನಲ್ ಪ್ರಕರಣದಲ್ಲಿ ಹೇಳಿದೆ. ಆದರೆ ಅನೇಕ ಅರ್ಜಿಗಳು 'ಮನವಿಯನ್ನು ಇಂತಿಷ್ಟು ವಾರಗಳಲ್ಲಿ ಪರಿಗಣಿಸಿ' ಎಂಬ ನಿರ್ದೇಶನದೊಂದಿಗೆ ಮುಗಿಯುತ್ತವೆ. ಇಲಾಖೆ 'ಅನುದಾನ ಲಭ್ಯವಾದಾಗ ಪಾವತಿಸಲಾಗುವುದು' ಎಂಬ ಹಿಂಬರಹ ಕೊಡುತ್ತದೆ. ಅಲ್ಲಿಗೆ ಆದೇಶದ ಪಾಲನೆಯಾಗುತ್ತದೆ, ಪಾವತಿ ಆಗುವುದಿಲ್ಲ. ಗುತ್ತಿಗೆದಾರ ಮತ್ತೆ ವಕೀಲರ ಕಚೇರಿಗೆ ಹೋಗಬೇಕು.

ಸಿವಿಲ್ ದಾವೆಯ ದಾರಿ ಇನ್ನೂ ಉದ್ದ. ಸಿವಿಲ್ ಪ್ರಕ್ರಿಯಾ ಸಂಹಿತೆಯ 80ನೇ ಕಲಮಿನಂತೆ ಸರ್ಕಾರಕ್ಕೆ 2 ತಿಂಗಳ ನೋಟಿಸ್ ಕೊಡಬೇಕು; ಡಿಕ್ರಿ ಬಂದರೂ 82ನೇ ಕಲಮಿನಂತೆ 3 ತಿಂಗಳು ಅಮಲ್ಜಾರಿಗೆ ಹೋಗುವಂತಿಲ್ಲ. ಇದಕ್ಕಿಂತ ಕಠೋರವಾದದ್ದು ಕಾಲಮಿತಿ. 1963ರ ಕಾಲಪರಿಮಿತಿ ಕಾಯ್ದೆ ಮಾಡಿದ ಕೆಲಸದ ಹಣ ಕೇಳಲು ಗುತ್ತಿಗೆದಾರನಿಗೆ ಕೊಟ್ಟಿರುವುದು 3 ವರ್ಷ. ಸರ್ಕಾರ ಹೂಡುವ ದಾವೆಗೆ 30 ವರ್ಷ. ಮುಂದಿನ ಕಂತಿನಲ್ಲಿ ಬಿಲ್ ಬರುತ್ತದೆ ಎಂಬ ಬಾಯಿಮಾತು ನಂಬಿ ಕೂತವನಿಗೆ ದಾವೆಯ ಹಕ್ಕೇ ಕೈತಪ್ಪುತ್ತದೆ. ನಂಬಿದವನಿಗೇ ಹೀಗಾಗುವುದು ಅನ್ಯಾಯ.

ಕಾಯುವ ಅವಧಿಯಲ್ಲಿ ಬ್ಯಾಂಕ್ ಓವರ್‌ಡ್ರಾಫ್ಟಿನ ಬಡ್ಡಿ ನಿಲ್ಲುವುದಿಲ್ಲ. ಜಲ್ಲಿ, ಸಿಮೆಂಟ್, ಡೀಸೆಲ್ ಕೊಟ್ಟವರೂ ಕೂಲಿಯವರೂ ಎಲ್‌ಒಸಿಗಾಗಿ ಕಾಯಲಾರರು. 2022ರ ಜುಲೈನಿಂದ ಬಹುಪಾಲು ಸರ್ಕಾರಿ ಕಾಮಗಾರಿಗಳಿಗೆ ಶೇ 18ರಷ್ಟು ಜಿಎಸ್‌ಟಿ ಇದೆ. ತೆರಿಗೆ ಕಟ್ಟುವುದು ತಡವಾದರೆ ವಾರ್ಷಿಕ ಶೇ 18ರ ಬಡ್ಡಿ ಬೀಳುತ್ತದೆ. ತನಗೆ ಬರಬೇಕಾದ ತೆರಿಗೆಯ ಮೇಲೆ ಸರ್ಕಾರ ಬಡ್ಡಿ ಕೇಳುತ್ತದೆ, ತಾನು ಕೊಡಬೇಕಾದ ಬಿಲ್ಲಿನ ಬಡ್ಡಿಯ ಮಾತೆತ್ತುವುದಿಲ್ಲ. ಸಾರ್ವಜನಿಕ ಸಂಗ್ರಹಣೆಗಳಲ್ಲಿ ಪಾರದರ್ಶಕತೆಯ ರಾಜ್ಯ ಕಾಯ್ದೆಯ (ಕೆಟಿಪಿಪಿ) ಮೀಸಲಾತಿಯಿಂದ ಮೊದಲ ಬಾರಿ ಕಾಮಗಾರಿ ಹಿಡಿದ ಪರಿಶಿಷ್ಟ ಜಾತಿ, ಪಂಗಡಗಳ ಗುತ್ತಿಗೆದಾರರ ಸ್ಥಿತಿ ಇನ್ನೂ ಕಷ್ಟದ್ದು. ಹಿಂದಿನ ತಲೆಮಾರಿನ ಬಂಡವಾಳವಿಲ್ಲದವರಿಗೆ ಒಂದು ಬಿಲ್ ನಿಂತರೆ ಮುಂದಿನ ಟೆಂಡರಿನ ಮುಂಗಡ ಠೇವಣಿ (ಇಎಂಡಿ) ಕಟ್ಟುವ ಶಕ್ತಿಯೂ ಉಳಿಯುವುದಿಲ್ಲ. ಕಾಯ್ದೆ ತೆರೆದ ಬಾಗಿಲನ್ನು ಬಾಕಿ ಮುಚ್ಚುತ್ತದೆ.

ಆದುದರಿಂದ, ಅಂಗೀಕೃತ ಬಿಲ್ಲುಗಳ ಜ್ಯೇಷ್ಠತಾ ಪಟ್ಟಿಯನ್ನು ವಿಭಾಗವಾರು ಪ್ರತಿ ತಿಂಗಳು ಪ್ರಕಟಿಸಿ, ಆ ಕ್ರಮದಲ್ಲೇ ಎಲ್‌ಒಸಿ ಬಿಡುಗಡೆ ಮಾಡಬೇಕು. ಕ್ರಮ ತಪ್ಪಿದಲ್ಲಿ ಕಾರಣ ಲಿಖಿತವಾಗಿರಬೇಕು. ಪ್ರತಿ ವರ್ಷ ಏಪ್ರಿಲ್‌ನಲ್ಲಿ ಕಾರ್ಯಪಾಲಕ ಇಂಜಿನಿಯರ್ ಸಹಿಯ ಬಾಕಿ ದೃಢೀಕರಣ ಪತ್ರವನ್ನು ಗುತ್ತಿಗೆದಾರರಿಗೆ ಕೊಡಬೇಕು. ಕಾಲಮಿತಿಯೊಳಗೆ ಬರೆದುಕೊಟ್ಟ ಇಂಥ ಒಪ್ಪಿಗೆಯಿಂದ, ಕಾಲಪರಿಮಿತಿ ಕಾಯ್ದೆಯ 18ನೇ ಕಲಮಿನಂತೆ, ಹೊಸದಾಗಿ 3 ವರ್ಷ ಸಿಗುತ್ತದೆ. ಸರ್ಕಾರಕ್ಕೆ ಒಂದು ಹಾಳೆಯ ಖರ್ಚಿನ ಈ ಕ್ರಮವೊಂದೇ ಎಷ್ಟೋ ದಾವೆಗಳನ್ನು ತಡೆಯಬಲ್ಲದು.

ಚಾಲ್ತಿ ಬಿಲ್ಲಿನ ಶೇ 75ರಷ್ಟನ್ನು 10 ಕೆಲಸದ ದಿನಗಳಲ್ಲಿ, ಉಳಿದುದನ್ನು 28 ಕೆಲಸದ ದಿನಗಳಲ್ಲಿ ಪಾವತಿಸಬೇಕೆಂದು ಕೇಂದ್ರ ಹಣಕಾಸು ಸಚಿವಾಲಯ 2021ರಲ್ಲಿ ಸೂಚಿಸಿದೆ. ರಾಜ್ಯದ ಟೆಂಡರ್ ದಾಖಲೆಗಳಲ್ಲೂ ಇದನ್ನು ಸೇರಿಸಿ, ತಡವಾದ ಹಣಕ್ಕೆ ಬಡ್ಡಿಯ ಷರತ್ತು ಹಾಕಬೇಕು. ನ್ಯಾಯಾಲಯದ ನಿರ್ದೇಶನದ ಮೇರೆಗೆ ಕೊಡುವ ಹಿಂಬರಹದಲ್ಲಿ ಪಾವತಿಯ ದಿನಾಂಕ ಇರಲೇಬೇಕು. ಡಿಕ್ರಿಯ ವಿರುದ್ಧ ಸರ್ಕಾರ ಮೇಲ್ಮನವಿ ಹೋದರೆ, ಮಧ್ಯಸ್ಥಿಕೆ ತೀರ್ಪುಗಳ ವಿಷಯದಲ್ಲಿ ಕೇಂದ್ರ ಅನುಸರಿಸುವಂತೆ, ಶೇ 75ರಷ್ಟು ಹಣವನ್ನು ಬ್ಯಾಂಕ್ ಗ್ಯಾರಂಟಿ ಪಡೆದು ಬಿಡುಗಡೆ ಮಾಡಬೇಕು. ದೋಷ ಹೊಣೆಗಾರಿಕೆ ಅವಧಿ ಮುಗಿದ ಕಾಮಗಾರಿಗಳ ಭದ್ರತಾ ಠೇವಣಿಯನ್ನು ಅರ್ಜಿಗೆ ಕಾಯದೆ ಹಿಂದಿರುಗಿಸಬೇಕು. ಹಳೆಯ ಬಾಕಿ ತೀರುವವರೆಗೆ ಅದೇ ಲೆಕ್ಕ ಶೀರ್ಷಿಕೆಯಡಿ ತುರ್ತಲ್ಲದ ಹೊಸ ಟೆಂಡರ್ ಕರೆಯಬಾರದು.